ಒಂದು ಕುಡಿ, ಎರಡು ಎಲೆ: ವಾಜುಕಾದ ಚಹಾ ತೋಟದಲ್ಲಿ ಅರ್ಧ ದಿನ

ಜಪಾನಿನ ಚಹಾ ತೋಟ ನೋಡಬೇಕಾದ ಕಾಲ ಏಪ್ರಿಲ್ ಕೊನೆಯಿಂದ ಮೇ ಮುಗಿಯುವವರೆಗೆ. ಅಲ್ಲಿನ ಹಳೆಯ ಪಂಚಾಂಗದಂತೆ ವಸಂತ ಕಾಲಿಡುವ ದಿನದಿಂದ ಎಣಿಸಿದರೆ ಎಂಬತ್ತೆಂಟನೆಯ ದಿನ, ಅಂದರೆ ಮೇ 1 ಅಥವಾ 2, ಚಹಾ ಕೊಯ್ಲಿಗೆ ಶುಭದಿನ. ಅಂದು ಕೊಯ್ದ ಎಲೆಯ ಚಹಾ ಕುಡಿದವರಿಗೆ ವರ್ಷವಿಡೀ ಕಾಯಿಲೆ ಬಾರದು ಎಂಬ ನಂಬಿಕೆಯಿದೆ. ನಂಬಿಕೆಯ ಹಿಂದೆ ಬೇಸಾಯಗಾರನ ಲೆಕ್ಕವೂ ಇದೆ. ಆ ದಿನ ಕಳೆದರೆ ರಾತ್ರಿಯ ಇಬ್ಬನಿ ಹೆಪ್ಪುಗಟ್ಟಿ ಎಳೆ ಚಿಗುರು ಕರಟುವ ಭಯ ಬಹುಮಟ್ಟಿಗೆ ತೀರಿತು ಎಂದರ್ಥ. ಚಳಿಗಾಲವಿಡೀ ಮಲಗಿದ್ದ ಗಿಡ ಬೇರಿನಲ್ಲಿ ಕೂಡಿಟ್ಟ ಸಾರವನ್ನೆಲ್ಲ ಈ ಮೊದಲ ಚಿಗುರಿಗೆ ಕೊಡುತ್ತದೆ. ‘ಇಚಿಬಾನ್‌ಚಾ’ ಎಂದು ಕರೆಯುವ ಈ ಮೊದಲ ಕೊಯ್ಲಿನ ಬಳಿಕ ಜೂನ್‌ನಲ್ಲಿ ಎರಡನೆಯದು, ಕೆಲವೆಡೆ ಮೂರನೆಯದು, ಶರತ್ಕಾಲದಲ್ಲಿ ದಪ್ಪ ಎಲೆಯ ಕೊಯ್ಲು ನಡೆಯುತ್ತವೆ. ಆದರೂ ರುಚಿಯಲ್ಲಿ, ಬೆಲೆಯಲ್ಲಿ ಮೊದಲ ಕೊಯ್ಲಿಗೆ ಸಾಟಿಯಿಲ್ಲ.

ಇದೇ ಕಾಲದಲ್ಲಿ ಅನೇಕ ರೈತ ಕುಟುಂಬಗಳು ಹೊರಗಿನವರನ್ನು ತೋಟಕ್ಕೆ ಕರೆಯುತ್ತವೆ. ಬೆಳಗ್ಗೆ ಸಾಲುಗಳ ನಡುವೆ ನಡಿಗೆ, ಸೊಂಟಕ್ಕೆ ಬುಟ್ಟಿ ಕಟ್ಟಿಕೊಂಡು ಕುಡಿ ಬಿಡಿಸುವುದು, ಬಿಡಿಸಿದ್ದನ್ನು ಹಬೆಯಲ್ಲಿಟ್ಟು ಕೈಯಲ್ಲಿ ಹೊಸೆಯುವುದು, ನಾಲ್ಕೈದು ಬಗೆಯ ಚಹಾ ಸವಿಯುವುದು, ಕೊನೆಗೆ ಚಹಾ ಎಲೆಯನ್ನೇ ಬಳಸಿದ ಊಟ. ಎಲ್ಲ ಸೇರಿ ಅರ್ಧ ದಿನದ ಕಾರ್ಯಕ್ರಮ. ಹಸಿರು ಚಹಾ ಎಂದರೆ ಆರೋಗ್ಯಕ್ಕೆಂದು ಕಣ್ಣುಮುಚ್ಚಿ ಕುಡಿಯುವ ಕಹಿ ನೀರು ಎಂದು ತಿಳಿದವರು ಆ ಅಭಿಪ್ರಾಯ ಬಿಡಲು ಇಷ್ಟು ಸಾಕು. ಒಂದೇ ಜಾತಿಯ ಗಿಡದ ಎಲೆ ನೆರಳು, ಹಬೆ, ನೀರಿನ ಬಿಸಿ ಈ ಮೂರರ ಹದ ಬದಲಾದಂತೆ ಬೇರೆ ಬೇರೆ ಪಾನೀಯವಾಗುವುದನ್ನು ಪುಸ್ತಕ ಓದಿ ತಿಳಿಯುವುದು ಕಷ್ಟ. ತೋಟದಲ್ಲಿ ನಿಂತರೆ ಸುಲಭ.

ವಾಜುಕಾದ ಗುಡ್ಡಗಳು

ಇಂಥ ಭೇಟಿಗೆ ಹೇಳಿ ಮಾಡಿಸಿದ ಊರು ಕ್ಯೋಟೊ ಪ್ರಾಂತ್ಯದ ದಕ್ಷಿಣ ಭಾಗದಲ್ಲಿರುವ ವಾಜುಕಾ. ಕ್ಯೋಟೊ ನಗರದಿಂದ ಕಾಮೊ ನಿಲ್ದಾಣಕ್ಕೆ ರೈಲಿನಲ್ಲಿ ಸುಮಾರು ಒಂದು ಗಂಟೆ. ಅಲ್ಲಿಂದ ಬಸ್ ಹಿಡಿದರೆ ಬೆಟ್ಟಗಳ ನಡುವಿನ ಕಣಿವೆಗೆ ಕಾಲು ಗಂಟೆಯ ದಾರಿ. ಬಸ್ಸುಗಳು ವಿರಳವಾದ್ದರಿಂದ ಹೊತ್ತು ನೋಡಿಕೊಂಡೇ ಹೊರಡಬೇಕು. ಊರಿನ ಜನಸಂಖ್ಯೆ ನಾಲ್ಕು ಸಾವಿರಕ್ಕೂ ಕಡಿಮೆ. ಆದರೆ ಕ್ಯೋಟೊ ಪ್ರಾಂತ್ಯದ ಚಹಾದಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಈ ಕಣಿವೆಯದೇ. ಜಗತ್ತಿನ ಅಂಗಡಿಗಳಲ್ಲಿ ‘ಉಜಿ ಚಹಾ’ ಎಂಬ ಹೆಸರು ಹೊತ್ತು ನಿಲ್ಲುವ ಡಬ್ಬಿಗಳಲ್ಲಿ ಎಷ್ಟೋ ಬಾರಿ ಇರುವುದು ವಾಜುಕಾದ ಎಲೆ. ಉಜಿ ಇಂದು ಬೆಳೆದ ನಗರ. ಅಲ್ಲಿ ತೋಟಗಳಿಗೆ ಉಳಿದ ಜಾಗ ಕಡಿಮೆ. ಕ್ಯೋಟೊ, ನಾರಾ, ಶಿಗಾ, ಮಿಯೆ ಈ ನಾಲ್ಕು ಪ್ರಾಂತ್ಯಗಳಲ್ಲಿ ಬೆಳೆದು ಕ್ಯೋಟೊದಲ್ಲಿ ಕೊನೆಯ ಹದಕ್ಕೆ ಬಂದ ಚಹಾವನ್ನು ಉಜಿ ಚಹಾ ಎನ್ನಬಹುದೆಂದು ಅಲ್ಲಿನ ಚಹಾ ವರ್ತಕರ ಸಂಘ 2004ರಲ್ಲಿ ನಿಯಮ ಮಾಡಿಕೊಂಡಿದೆ. ಹೆಸರು ನಗರಕ್ಕೆ, ದುಡಿಮೆ ಹಳ್ಳಿಗೆ ಎಂಬ ಈ ಏರ್ಪಾಡಿನ ನಡುವೆ ವಾಜುಕಾದ ರೈತರು ತಮ್ಮ ಊರಿನ ಹೆಸರಿನಲ್ಲೇ ಚಹಾ ಮಾರಲು ಹೊರಟಿರುವುದು ನ್ಯಾಯವಾದದ್ದೇ.

ಜಪಾನಿಗೆ ಚಹಾ ಬಂದದ್ದು ಚೀನಾದಿಂದ. 1191ರಲ್ಲಿ ಐಸಾಯ್ ಎಂಬ ಜೆನ್ ಭಿಕ್ಷು ಚೀನಾದಿಂದ ಮರಳುವಾಗ ಬೀಜ ತಂದನೆಂದು ಇತಿಹಾಸ ಹೇಳುತ್ತದೆ. 1211ರಲ್ಲಿ ಚಹಾದ ಆರೋಗ್ಯಗುಣಗಳ ಬಗ್ಗೆ ಒಂದು ಗ್ರಂಥವನ್ನೂ ಅವನು ಬರೆದ. ಅವನಿಂದ ಬೀಜ ಪಡೆದ ಮ್ಯೋಯೆ ಎಂಬ ಭಿಕ್ಷು ಕ್ಯೋಟೊದ ವಾಯುವ್ಯದ ತೊಗಾನೊ ಬೆಟ್ಟದಲ್ಲಿ ತೋಟ ಮಾಡಿದ. ವಾಜುಕಾದ ಪರಂಪರೆಯಲ್ಲಿ, ಮ್ಯೋಯೆಯಿಂದ ಬೀಜ ಪಡೆದ ಕೈಜೂಸೆನ್‌ಜಿ ದೇವಾಲಯದ ಭಿಕ್ಷು ಜಿಶಿನ್ ಇಲ್ಲಿನ ಹರಾಯಾಮಾ ಎಂಬಲ್ಲಿ ಅದನ್ನು ಬಿತ್ತಿದನೆಂದು ಹೇಳುತ್ತಾರೆ. ಅಲ್ಲಿಂದ ಎಂಟುನೂರು ವರ್ಷ. ಬಸ್ಸಿನಿಂದ ಇಳಿದು ತಲೆಯೆತ್ತಿದರೆ ಕಾಣುವ ಇಶಿತೆರಾ ಇಳಿಜಾರಿನಂಥ ತೋಟಗಳನ್ನು 2008ರಲ್ಲಿ ಕ್ಯೋಟೊ ಪ್ರಾಂತ್ಯ ತನ್ನ ಭೂದೃಶ್ಯ ಸಂಪತ್ತಿನ ಪಟ್ಟಿಗೆ ಸೇರಿಸಿತು. ನಿಂತರೆ ಕಾಲು ಜಾರುವಷ್ಟು ಕಡಿದಾದ ಗುಡ್ಡ, ಅದರ ಮೈತುಂಬ ಒಂದೇ ಎತ್ತರಕ್ಕೆ ಕತ್ತರಿಸಿದ ಸಾಲುಗಳು. ಬೆಳಗ್ಗೆ ಹೊಳೆಯಿಂದ ಏಳುವ ಮಂಜು ಕಣಿವೆಯಲ್ಲಿ ತಂಗುತ್ತದೆ, ಹಗಲು ಇರುಳಿನ ಉಷ್ಣಾಂಶದ ಅಂತರ ದೊಡ್ಡದು. ಚಹಾಕ್ಕೆ ಬೇಕಾದದ್ದೂ ಇಂಥದೇ ಹವೆ.

ಗಿಡ, ಗಾಳಿಯಂತ್ರ, ಕರಿಯ ಬಟ್ಟೆ

ಚಿಕ್ಕಮಗಳೂರಿನ ಕೆಳಗೂರಿನಲ್ಲಿ, ಸಕಲೇಶಪುರದ ಕಾಡುಮನೆಯಲ್ಲಿ ಟೀ ತೋಟ ಕಂಡವರಿಗೆ ಗಿಡ ಅಪರಿಚಿತವಲ್ಲ. ಜಾತಿ ಒಂದೇ. ಜಪಾನಿನದು ಚಳಿ ತಡೆಯುವ ಸಣ್ಣ ಎಲೆಯ ಚೀನೀ ಬಗೆ. ಅಸ್ಸಾಮಿನದು ಬಿಸಿಲು ಮಳೆಗೆ ಒಗ್ಗಿದ ದೊಡ್ಡ ಎಲೆಯ ಬಗೆ. ಕಣ್ಣಿಗೆ ಮೊದಲು ಬೀಳುವ ವ್ಯತ್ಯಾಸ ಗಿಡದ ರೂಪದಲ್ಲಿದೆ. ನಮ್ಮ ಕಡೆ ಚಪ್ಪಟೆಯಾದ ಹಸಿರು ಹಾಸು, ಮೇಲೆ ನೆರಳಿನ ಮರಗಳು. ಅಲ್ಲಿ ನೆರಳಿನ ಮರವಿಲ್ಲ. ಸೊಂಟದೆತ್ತರದ ಉದ್ದನೆಯ ಬೇಲಿಯಂತೆ ಸಾಲು, ಬೆನ್ನು ಕಮಾನಿನ ಹಾಗೆ ಬಾಗಿದ್ದು. ಕೊಯ್ಯುವ ಯಂತ್ರದ ಅಲಗಿಗೆ ಹೊಂದಲೆಂದೇ ಈ ಆಕಾರ.

ಸಾಲಿನ ಗಿಡಗಳೆಲ್ಲ ಅಚ್ಚೊತ್ತಿದಂತೆ ಒಂದೇ ಹೊತ್ತಿಗೆ ಚಿಗುರುವುದಕ್ಕೂ ಕಾರಣವಿದೆ. ಜಪಾನಿನ ಚಹಾ ಭೂಮಿಯ ದೊಡ್ಡ ಪಾಲಿನಲ್ಲಿ ಇರುವುದು ‘ಯಾಬುಕಿತಾ’ ಎಂಬ ಒಂದೇ ತಳಿ. ಶಿಜುವೊಕಾ ಪ್ರಾಂತ್ಯದ ಸುಗಿಯಾಮಾ ಹಿಕೊಸಾಬುರೊ ಎಂಬ ರೈತ ಜೀವಮಾನವಿಡೀ ಒಳ್ಳೆಯ ಗಿಡಗಳನ್ನು ಹುಡುಕಿ ನೆಡುತ್ತಿದ್ದವನು. 1908ರಲ್ಲಿ ಬಿದಿರು ಮೆಳೆಯೊಂದರ ಪಕ್ಕದ ತನ್ನ ತೋಟದಲ್ಲಿ ಅವನು ಆರಿಸಿದ ಗಿಡದಿಂದ ಈ ತಳಿ ಬಂತು. ಅವನು ಬದುಕಿದ್ದಾಗ ಆ ಗಿಡಕ್ಕೆ ಸಿಗಬೇಕಾದ ಮಾನ್ಯತೆ ಸಿಗಲಿಲ್ಲ. ಅಧಿಕೃತ ನೋಂದಣಿಯಾದದ್ದು 1953ರಲ್ಲಿ, ಅವನು ತೀರಿಕೊಂಡು ವರ್ಷಗಳೇ ಕಳೆದ ಮೇಲೆ. ಚಳಿ ತಾಳಿಕೊಳ್ಳುವ, ಹೆಚ್ಚು ಇಳುವರಿ ಕೊಡುವ, ಎಲ್ಲರ ನಾಲಿಗೆಗೂ ಒಪ್ಪುವ ತಳಿ ಇದು. ದೇಶವೆಲ್ಲ ಒಂದೇ ತಳಿಗೆ ಒರಗಿಕೊಂಡದ್ದರಿಂದ ಕೊಯ್ಲು ಒಂದೇ ವಾರಕ್ಕೆ ಮೈಮೇಲೆ ಬೀಳುತ್ತದೆ, ರೋಗ ಬಂದರೆ ಎಲ್ಲಕ್ಕೂ ಬರುತ್ತದೆ. ಹಾಗಾಗಿ ಈಗ ಬೇರೆ ತಳಿಗಳನ್ನು ನೆಡುವ ರೈತರು ಹೆಚ್ಚುತ್ತಿದ್ದಾರೆ.

ತೋಟದ ನಡುವೆ ಅಲ್ಲಲ್ಲಿ ಎತ್ತರದ ಕಂಬಗಳು, ತುದಿಯಲ್ಲಿ ಫ್ಯಾನು. ಹೊಸಬರು ಗಾಳಿಯಿಂದ ವಿದ್ಯುತ್ ಮಾಡುವ ಯಂತ್ರವೆಂದು ಭಾವಿಸುವುದುಂಟು. ನಿಜವಾಗಿ ಅವು ವಿದ್ಯುತ್ ಬಳಸಿ ಗಾಳಿ ಬೀಸುವ ಯಂತ್ರಗಳು. ಮೋಡವಿಲ್ಲದ ವಸಂತದ ರಾತ್ರಿ ನೆಲ ಬೇಗ ತಣಿಯುತ್ತದೆ, ತಣ್ಣನೆಯ ಗಾಳಿ ನೆಲಕ್ಕಂಟಿ ಕೂರುತ್ತದೆ, ಕೆಲವೇ ಮೀಟರ್ ಮೇಲೆ ಬೆಚ್ಚಗಿನ ಪದರ ಉಳಿದಿರುತ್ತದೆ. ಉಷ್ಣಾಂಶ ಕುಸಿದಾಗ ಫ್ಯಾನುಗಳು ತಾವಾಗಿಯೇ ತಿರುಗಿ ಆ ಬೆಚ್ಚನೆಯ ಗಾಳಿಯನ್ನು ಚಿಗುರಿನ ಮೇಲೆ ತಳ್ಳುತ್ತವೆ. ಒಂದು ರಾತ್ರಿಯ ಹಿಮ ವರ್ಷದ ಮೊದಲ ಕೊಯ್ಲನ್ನೇ ಕಸಿಯಬಲ್ಲದಾದ್ದರಿಂದ ಈ ಖರ್ಚು ರೈತನಿಗೆ ಅನಿವಾರ್ಯ.

ಇನ್ನು ಕೆಲವು ಸಾಲುಗಳು ಕರಿಯ ಬಟ್ಟೆ ಹೊದ್ದಿರುತ್ತವೆ. ಇಡೀ ಜಪಾನಿ ಚಹಾದ ಗುಟ್ಟು ಆ ಬಟ್ಟೆಯ ಕೆಳಗಿದೆ ಎಂದರೆ ತಪ್ಪಾಗದು. ಚಹಾ ಗಿಡದ ಬೇರಿನಲ್ಲಿ ಥಿಯಾನಿನ್ ಎಂಬ ಅಮೈನೊ ಆಮ್ಲ ತಯಾರಾಗಿ ಎಲೆಗೆ ಏರುತ್ತದೆ. ನಾಲಿಗೆಗೆ ಸಿಹಿ ಬೆರೆತ ರಸದ ರುಚಿ ಕೊಡುವುದು ಇದೇ. ಬಿಸಿಲು ಬಿದ್ದಾಗ ಎಲೆಯೊಳಗೆ ಥಿಯಾನಿನ್ ಕರಗಿ, ಒಗರಿಗೆ ಕಾರಣವಾದ ಕ್ಯಾಟಚಿನ್‌ಗಳು ಹೆಚ್ಚುತ್ತವೆ. ಬಿಸಿಲು ತಡೆದರೆ ಈ ಬದಲಾವಣೆ ನಿಧಾನವಾಗುತ್ತದೆ. ಬೆಳಕಿಗಾಗಿ ಹಪಹಪಿಸುವ ಎಲೆ ಹಸಿರು ದ್ರವ್ಯ ಹೆಚ್ಚಿಸಿಕೊಂಡು ಕಡುಬಣ್ಣಕ್ಕೆ ತಿರುಗುತ್ತದೆ, ತೆಳುವಾಗಿ ಅಗಲವಾಗುತ್ತದೆ. ಪೂರ್ತಿ ಬಿಸಿಲಲ್ಲಿ ಬೆಳೆದದ್ದು ಸೆಂಚಾ. ಒಂದೆರಡು ವಾರ ಹೊದಿಸಿದರೆ ಕಬುಸೆಚಾ. ಮೂರು ವಾರ ಅಥವಾ ಹೆಚ್ಚು ಹೊದಿಸಿದರೆ ಗ್ಯೊಕುರೊ, ಇಲ್ಲವೇ ಮಾಚ್ಚಾ ಎಂಬ ಚಹಾ ಪುಡಿಯ ಮೂಲವಾದ ತೆಂಚಾ. ಹಿಂದೆ ಚಪ್ಪರ ಹಾಕಿ ಅದರ ಮೇಲೆ ಜೊಂಡಿನ ಚಾಪೆ, ಹುಲ್ಲು ಹರಡುತ್ತಿದ್ದರು. ಈಗಲೂ ಉಜಿಯ ಕೆಲವು ಮನೆತನಗಳು ಹಾಗೇ ಮಾಡುತ್ತವೆ. ಉಳಿದೆಡೆ ಕೃತಕ ನೂಲಿನ ಬಟ್ಟೆ ಬಂದಿದೆ.

ಕುಡಿ ಬಿಡಿಸುವುದು

ಬುಟ್ಟಿ ಕೈಗೆ ಬಂದ ಮೇಲೆ ರೈತ ಹೇಳಿಕೊಡುವ ಮೊದಲ ಪಾಠ ಬೆರಳಿನದು. ತುದಿಯ ಸುರುಳಿ ಬಿಚ್ಚದ ಕುಡಿ ಒಂದು, ಅದರ ಕೆಳಗಿನ ಎಲೆ ಎರಡು. ಅಸ್ಸಾಮಿನಿಂದ ನೀಲಗಿರಿಯವರೆಗೆ ಚಹಾ ಕೀಳುವ ಹೆಂಗಸರ ಕೈಗೆ ಗೊತ್ತಿರುವ ಅಳತೆಯೇ ಅಲ್ಲಿಯೂ ಇದೆ. ಎರಡನೆಯ ಎಲೆಯ ಕೆಳಗೆ ದಂಟನ್ನು ಹೆಬ್ಬೆರಳು ತೋರುಬೆರಳುಗಳ ನಡುವೆ ಮೆತ್ತಗೆ ಹಿಡಿದು ಬಾಗಿಸಿದರೆ ಪಟ್ಟನೆ ಮುರಿಯುತ್ತದೆ. ಮುರಿಯದೆ ನಾರಾಗಿ ಜಗ್ಗಿದರೆ ಅದು ಬಲಿತದ್ದು, ಬಿಡಬೇಕು. ಉಗುರು ತಾಗಿಸಬಾರದು, ಉಗುರಿನಿಂದ ಚಿವುಟಿದ ಜಾಗ ಗಾಯಗೊಂಡು ಬೇಗ ಕಂದುತ್ತದೆ, ಚಹಾದ ಬಣ್ಣವೂ ಕೆಡುತ್ತದೆ. ಬುಟ್ಟಿಯಲ್ಲಿ ಎಲೆಯನ್ನು ಒತ್ತಿ ತುಂಬುವುದೂ ಸಲ್ಲದು. ಕಿತ್ತ ಎಲೆ ಉಸಿರಾಡುತ್ತಲೇ ಇರುತ್ತದೆ. ಒತ್ತಿದರೆ ಕಾವು ಏರಿ ಬಾಡುತ್ತದೆ.

ಅರ್ಧ ಗಂಟೆ ಕಿತ್ತ ಹೊಸಬರ ಬುಟ್ಟಿಯ ತಳ ಅಷ್ಟಿಷ್ಟು ಮುಚ್ಚಿರುತ್ತದೆ. ನುರಿತವರು ದಿನಕ್ಕೆ ಹತ್ತು ಕಿಲೊ ಅಥವಾ ಮೇಲೆ ಕೀಳುತ್ತಾರೆ. ಐದು ಕಿಲೊ ಹಸಿ ಎಲೆ ಒಣಗಿ ಚಹಾ ಆದಾಗ ಒಂದು ಕಿಲೊ ಎಂಬ ಲೆಕ್ಕ ಹಿಡಿದರೆ, ಇಡೀ ದಿನದ ಕೈಕೊಯ್ಲಿಗೆ ಸಿಗುವ ಚಹಾ ಎರಡು ಕಿಲೊ. ಕೈಯಲ್ಲಿ ಕೊಯ್ದ ಚಹಾದ ಬೆಲೆ ಏಕೆ ಏರಿದೆ ಎಂಬ ಪ್ರಶ್ನೆಗೆ ಈ ಬುಟ್ಟಿಯೇ ಉತ್ತರ.

ಆದ್ದರಿಂದ ಜಪಾನಿನ ಬಹುಪಾಲು ಚಹಾ ಈಗ ಯಂತ್ರದ ಕೊಯ್ಲು. ವಾಜುಕಾದ ಇಳಿಜಾರಿನಲ್ಲಿ ಇಬ್ಬರು ಹಿಡಿಯುವ ಯಂತ್ರ ಕಾಣಸಿಗುತ್ತದೆ. ಸಾಲಿನ ಆಚೆಗೊಬ್ಬರು, ಈಚೆಗೊಬ್ಬರು. ನಡುವೆ ಕಮಾನಿನಂತೆ ಬಾಗಿದ ಅಲಗು ಚಿಗುರಿನ ಮೇಲೆ ಸಾಗುತ್ತದೆ. ಅಲಗಿನ ಹಿಂದಿನ ಗಾಳಿ ಎಲೆಗಳನ್ನು ಉದ್ದನೆಯ ಬಟ್ಟೆಯ ಚೀಲಕ್ಕೆ ಊದುತ್ತದೆ. ತುಂಬಿದಂತೆ ಚೀಲ ಸಾಲಿನ ಮೇಲೆ ಹೆಬ್ಬಾವಿನಂತೆ ತೆವಳುತ್ತದೆ. ಅಲಗು ಒಂದು ಬೆರಳು ಕೆಳಗಿಳಿದರೆ ಹಳೆಯ ಎಲೆ ಸೇರಿ ಚಹಾ ಕೆಡುತ್ತದೆ, ಒಂದು ಬೆರಳು ಮೇಲೆ ಹೋದರೆ ಬೆಳೆ ನಷ್ಟ. ಇಬ್ಬರ ಹೆಜ್ಜೆಯೂ ಒಂದೇ ಆಗಬೇಕು. ದಂಪತಿಗಳು ಮೂವತ್ತು ನಲವತ್ತು ವರ್ಷ ಜೊತೆಯಾಗಿ ಈ ಕೆಲಸ ಮಾಡಿರುವ ತೋಟಗಳಲ್ಲಿ ಆ ನಡಿಗೆ ನೋಡುವುದೇ ಒಂದು ಸೊಗಸು.

ಹಬೆ ಮತ್ತು ಹೊಸೆತ

ಕಿತ್ತ ಎಲೆ ಹಸಿರಾಗಿಯೇ ಉಳಿಯಬೇಕಾದರೆ ತಡ ಮಾಡುವಂತಿಲ್ಲ. ಎಲೆಯಲ್ಲಿರುವ ಕಿಣ್ವಗಳು ಗಾಳಿಯೊಡನೆ ಸೇರಿ ಅದನ್ನು ಕಂದಿಸುತ್ತವೆ. ಕಪ್ಪು ಚಹಾ ಮಾಡುವವರು ಬೇಕೆಂದೇ ಎಲೆಯನ್ನು ಬಾಡಿಸಿ, ಜಜ್ಜಿ, ಈ ಕಂದುವಿಕೆಗೆ ಅವಕಾಶ ಕೊಡುತ್ತಾರೆ. ನಮ್ಮ ಮನೆಗಳ ಟೀ ಪುಡಿಯ ಬಣ್ಣ, ಖಡಕ್ಕು ಅದರಿಂದಲೇ. ಜಪಾನಿನಲ್ಲಿ ಅದೇ ದಿನ ಎಲೆಗೆ ಹಬೆ ಕೊಟ್ಟು ಕಿಣ್ವಗಳ ಕೆಲಸ ನಿಲ್ಲಿಸುತ್ತಾರೆ. ಚೀನಾದಲ್ಲಿ ಹಸಿರು ಚಹಾವನ್ನು ಹೆಚ್ಚಾಗಿ ಬಾಣಲೆಯಲ್ಲಿ ಹುರಿಯುತ್ತಾರೆ, ಅಲ್ಲಿ ಹುರಿದ ಕಾಯಿಯ ಘಮ. ಜಪಾನಿನ ಚಹಾದ ಹಸಿ ಸೊಪ್ಪಿನ, ಕಡಲ ಪಾಚಿಯ ಕಂಪು ಹಬೆಯ ಕೊಡುಗೆ. ಅರ್ಧ ನಿಮಿಷದ ಆಸುಪಾಸು ಹಬೆ ಕೊಟ್ಟರೆ ಎಲೆ ಇಡಿಯಾಗಿ ಉಳಿದು ತಿಳಿಯಾದ ಚಹಾ ಬರುತ್ತದೆ. ಒಂದೆರಡು ನಿಮಿಷಕ್ಕೆ ಏರಿಸಿದರೆ ಎಲೆ ಮೆತ್ತಗಾಗಿ ಪುಡಿಯಾಗುತ್ತದೆ, ಚಹಾ ಮಂದವಾಗಿ ಕಡುಹಸಿರಾಗುತ್ತದೆ, ಒಗರು ತಗ್ಗುತ್ತದೆ.

ಹಬೆಯ ನಂತರದ್ದು ಹೊಸೆತ. ಇದಕ್ಕೆ ಬೇಕಾದ ಮೇಜಿಗೆ ‘ಹೊಯಿರೊ’ ಎಂದು ಹೆಸರು. ಕೆಳಗೆ ಕೆಂಡ ಅಥವಾ ಗ್ಯಾಸಿನ ಕಾವು, ಮೇಲೆ ಗೆಡ್ಡೆಯ ಅಂಟು ಬಳಿದ ಗಟ್ಟಿ ಕಾಗದದ ಹಾಸು. ಹಬೆಯಾಡುವ ಎಲೆಯನ್ನು ಮೊದಲು ಎತ್ತಿ ಎತ್ತಿ ಉದುರಿಸಿ ಮೇಲಿನ ತೇವ ಆರಿಸುತ್ತಾರೆ. ನಂತರ ಅಂಗೈಯ ಭಾರ ಹಾಕಿ ಎಡಕ್ಕೂ ಬಲಕ್ಕೂ ಉರುಳಿಸುತ್ತಾರೆ. ದಂಟಿನ ಒಳಗಿನ ನೀರು ಹೊರಬರಬೇಕು, ಆದರೆ ಎಲೆ ಹರಿಯಬಾರದು. ಗಂಟುಕಟ್ಟಿದ್ದನ್ನು ಬಿಡಿಸುತ್ತಾರೆ. ಕೊನೆಗೆ ಎಲೆಗಳನ್ನು ಒಂದೇ ದಿಕ್ಕಿಗೆ ಜೋಡಿಸಿ ಎರಡು ಅಂಗೈಗಳ ನಡುವೆ ಉಜ್ಜುತ್ತ ಸೂಜಿಯಂತೆ ನೀಳವಾಗಿಸುತ್ತಾರೆ. ಪೂರ್ತಿ ಹದಕ್ಕೆ ನಾಲ್ಕೈದು ಗಂಟೆ ಬೇಕು. ಮೂರು ಕಿಲೊ ಹಸಿ ಎಲೆಯಿಂದ ಕೊನೆಗೆ ಉಳಿಯುವುದು ಆರುನೂರು ಗ್ರಾಂ ಆಸುಪಾಸು. ಪ್ರವಾಸಿಗರಿಗೆ ಬಿಸಿ ತಟ್ಟೆಯ ಮೇಲೆ ಒಂದು ಹಿಡಿ ಎಲೆ ಕೊಟ್ಟು ಗಂಟೆಯೊಳಗೆ ಮುಗಿಸುವ ಚಿಕ್ಕ ಪಾಠ ಇರುತ್ತದೆ. ಅಷ್ಟಕ್ಕೇ ಅಂಗೈ ಹಸಿರಾಗಿ ಅಂಟಂಟಾಗುತ್ತದೆ, ಘಮ ಸಂಜೆಯವರೆಗೂ ಬಿಡುವುದಿಲ್ಲ.

ಈ ವಿಧಾನಕ್ಕೆ ರೂಪ ಕೊಟ್ಟವನು ವಾಜುಕಾದ ನೆರೆಯ ಉಜಿತವಾರಾದ ನಾಗಾತಾನಿ ಸೊಯೆನ್. 1738ರಲ್ಲಿ ಎಳೆ ಎಲೆಗೆ ಹಬೆ ಕೊಟ್ಟು ಬಿಸಿಯಲ್ಲೇ ಹೊಸೆದು ಒಣಗಿಸುವ ಕ್ರಮವನ್ನು ಅವನು ಹದಗೊಳಿಸಿದ. ಅಲ್ಲಿಯವರೆಗೆ ಒಳ್ಳೆಯ ಹಸಿರು ಚಹಾ ಎಂದರೆ ಶ್ರೀಮಂತರ, ಮಠಗಳ ಮಾಚ್ಚಾ. ಜನಸಾಮಾನ್ಯರದ್ದು ಕಂದು ಬಣ್ಣದ ಒರಟು ಚಹಾ. ಸೊಯೆನ್ ತನ್ನ ಚಹಾವನ್ನು ಎದೊ ನಗರಕ್ಕೆ, ಅಂದರೆ ಇಂದಿನ ಟೋಕಿಯೊಗೆ, ಒಯ್ದು ಯಾಮಾಮೊತೊ ಎಂಬ ವರ್ತಕ ಮನೆತನದ ಮೂಲಕ ಮಾರಿದ. ಇಂದು ಜಪಾನಿನ ಮನೆಮನೆಯಲ್ಲಿ ಕುಡಿಯುವ ಸೆಂಚಾದ ಮೂಲ ಇದು. ಕೈಹೊಸೆತಕ್ಕೆ ಬದಲಿ ಯಂತ್ರ ಬಂದದ್ದು ತಾಕಾಬಾಯಾಶಿ ಕೆಂಜೊ ಎಂಬ ವೈದ್ಯನಿಂದ. ಜಪಾನಿನಲ್ಲಿ ಪೇಟೆಂಟ್ ಕಾನೂನು ಜಾರಿಯಾದ 1885ರಲ್ಲೇ ದೇಶದ ಎರಡು, ಮೂರು, ನಾಲ್ಕನೆಯ ಪೇಟೆಂಟ್‌ಗಳು ಅವನ ಚಹಾ ಯಂತ್ರಗಳಿಗೆ ಸಂದವು. ಈಗಿನ ಕಾರ್ಖಾನೆಯಲ್ಲಿ ಸಾಲಾಗಿ ನಿಂತ ಯಂತ್ರಗಳು ಕೈಯ ಒಂದೊಂದು ಚಲನೆಯನ್ನೂ ಅನುಕರಿಸುತ್ತವೆ. ಸುಮಾರು ನಾಲ್ಕು ಗಂಟೆಯಲ್ಲಿ ಎಲೆಯ ನೀರಿನಂಶ ನೂರಕ್ಕೆ ಎಂಬತ್ತರಿಂದ ಐದಕ್ಕೆ ಇಳಿಯುತ್ತದೆ. ಮೇ ತಿಂಗಳಲ್ಲಿ ಈ ಯಂತ್ರಗಳು ರಾತ್ರಿಯೂ ನಿಲ್ಲುವುದಿಲ್ಲ.

ನಾಲಿಗೆಯ ಪಾಠ

ಸವಿಯುವ ಕೋಣೆಯಲ್ಲಿ ಹಾಲಿಲ್ಲ, ಸಕ್ಕರೆಯಿಲ್ಲ. ಮೇಜಿನ ಮೇಲೆ ಪಕ್ಕದಲ್ಲಿ ಹಿಡಿಯಿರುವ ಮಣ್ಣಿನ ಪುಟ್ಟ ಪಾತ್ರೆ, ನೀರು ಆರಿಸಲು ಬಾಯಗಲದ ಬಟ್ಟಲು, ಒಂದು ಗುಟುಕಿನಷ್ಟೇ ಹಿಡಿಯುವ ಲೋಟಗಳು. ಕುದಿದ ನೀರನ್ನು ಒಂದು ಪಾತ್ರೆಯಿಂದ ಇನ್ನೊಂದಕ್ಕೆ ಸುರಿದಾಗಲೆಲ್ಲ ಸುಮಾರು ಹತ್ತು ಡಿಗ್ರಿ ಇಳಿಯುತ್ತದೆ. ಅಲ್ಲಿನ ಮನೆಗಳಲ್ಲಿ ಥರ್ಮಾಮೀಟರ್ ಇಲ್ಲದೆ ಹದ ತಿಳಿಯುವುದು ಹೀಗೆ. ಥಿಯಾನಿನ್ ಮೊದಲಾದ ಅಮೈನೊ ಆಮ್ಲಗಳು ಉಗುರುಬೆಚ್ಚಗಿನ ನೀರಿಗೂ ಬಿಟ್ಟುಕೊಳ್ಳುತ್ತವೆ. ಒಗರಿನ ಕ್ಯಾಟಚಿನ್, ಕಹಿಯ ಕೆಫೀನ್ ಹೆಚ್ಚಾಗಿ ಇಳಿಯುವುದು ನೀರು ಬಿಸಿಯಿದ್ದಾಗ. ಹಸಿರು ಚಹಾ ಕಹಿ ಎಂಬ ದೂರು ಬಹುತೇಕ ಕುದಿಯುವ ನೀರು ಸುರಿದವರದು.

ಮೊದಲ ಲೋಟ ಸಾಮಾನ್ಯವಾಗಿ ಗ್ಯೊಕುರೊ. ಐವತ್ತು ಅರವತ್ತು ಡಿಗ್ರಿಗೆ ಇಳಿದ ನೀರನ್ನು ಎಲೆ ಮುಳುಗುವಷ್ಟೇ ಹಾಕಿ ಎರಡು ನಿಮಿಷ ಕಾಯುತ್ತಾರೆ. ಬಗ್ಗಿಸಿದರೆ ಸಿಗುವುದು ನಾಲ್ಕೈದು ಚಮಚದಷ್ಟು. ಬಣ್ಣ ತೆಳು ಹಳದಿ ಹಸಿರು, ರಸ ಮಾತ್ರ ಎಣ್ಣೆಯಂತೆ ಮಂದ. ಬಾಯಿಗೆ ಬಿದ್ದೊಡನೆ ಚಹಾ ಎನಿಸುವುದಿಲ್ಲ. ತರಕಾರಿ ಬಸಿದ ಗಟ್ಟಿ ಸಾರಿನ ರುಚಿ, ಹಿಂದೆ ಕಡಲ ಪಾಚಿಯ ಕಂಪು, ನುಂಗಿದ ಮೇಲೆ ಬಹಳ ಹೊತ್ತು ಉಳಿಯುವ ಸಿಹಿ. ಈ ರುಚಿಗೆ ‘ಉಮಾಮಿ’ ಎಂಬ ಹೆಸರು ಕೊಟ್ಟವನು ರಸಾಯನ ವಿಜ್ಞಾನಿ ಇಕೆದಾ ಕಿಕುನಾಯೆ. 1908ರಲ್ಲಿ ಅವನು ಕೊಂಬು ಎಂಬ ಕಡಲ ಪಾಚಿಯ ಸಾರಿನಿಂದ ಗ್ಲುಟಮೇಟ್ ಬೇರ್ಪಡಿಸಿದ. ಚಹಾದ ಥಿಯಾನಿನ್ ಅದರ ಹತ್ತಿರದ ಸಂಬಂಧಿ. ಪಾಚಿಯ ಕಂಪಿಗೂ ಕಾರಣ ಗೊತ್ತಾಗಿದೆ: ನೆರಳಿನ ಎಲೆಯಲ್ಲಿ ಹೆಚ್ಚಾಗಿರುವ ಡೈಮೀಥೈಲ್ ಸಲ್ಫೈಡ್ ಎಂಬ ಸಂಯುಕ್ತವೇ ಕಡಲ ಪಾಚಿಯಲ್ಲೂ ಇದೆ.

ಅದರ ನಂತರ ಸೆಂಚಾ ಬಂದಾಗ ಬಿಸಿಲಿನ ಪಾತ್ರ ನಾಲಿಗೆಗೆ ತಿಳಿಯುತ್ತದೆ. ಎಪ್ಪತ್ತು ಎಂಬತ್ತು ಡಿಗ್ರಿ, ಒಂದು ನಿಮಿಷ. ಸಿಹಿಯ ಬೆನ್ನಿಗೇ ಹಿತವಾದ ಒಗರು, ಬಾಯಿ ಶುಚಿಯಾದ ಭಾವ. ಪಾತ್ರೆಯ ಕೊನೆಯ ಹನಿಯವರೆಗೂ ಬಗ್ಗಿಸಬೇಕೆಂದು ರೈತರು ಒತ್ತಿ ಹೇಳುತ್ತಾರೆ. ಸತ್ವ ಗಟ್ಟಿಯಾಗಿರುವುದು ಕೊನೆಯ ಹನಿಯಲ್ಲಿ. ಮೇಲಾಗಿ ನೀರು ಉಳಿದರೆ ಎಲೆ ನೆನೆದು ಎರಡನೆಯ ಸಲದ ಚಹಾ ಕಹಿಯಾಗುತ್ತದೆ. ಎರಡನೆಯ ಸಲ ನೀರು ತುಸು ಬಿಸಿಯಿರಲಿ, ಕಾಯುವುದು ಬೇಡ. ಮೂರನೆಯ ಸಲಕ್ಕೂ ಎಲೆಯಲ್ಲಿ ರುಚಿ ಇರುತ್ತದೆ.

ಬಳಿಕ ಹುರಿದ ಹೊಜಿಚಾ, ಹುರಿದ ಅಕ್ಕಿ ಬೆರೆಸಿದ ಗೆನ್‌ಮೈಚಾ. ಇವಕ್ಕೆ ಕುದಿಯುವ ನೀರೇ ಸರಿ. ಕ್ಯೋಟೊದ ಮನೆಗಳ ದಿನಬಳಕೆಯ ಕ್ಯೋಬಾನ್‌ಚಾ ಇನ್ನೊಂದು ಬಗೆ. ಬಲಿತ ದೊಡ್ಡ ಎಲೆಯನ್ನು ಹಬೆಯಲ್ಲಿ ಬೇಯಿಸಿ, ಹೊಸೆಯದೆ ಒಣಗಿಸಿ, ಜೋರು ಉರಿಯಲ್ಲಿ ಹುರಿದದ್ದು. ಹೊಗೆಯ ವಾಸನೆ ಮೂಗಿಗೆ ಹೊಡೆಯುತ್ತದೆ. ಮೊದಲ ಸಲಕ್ಕೆ ಎಲ್ಲರಿಗೂ ಸೇರದು, ಆದರೆ ಕೆಫೀನ್ ಕಡಿಮೆಯಿರುವ ಈ ಚಹಾವನ್ನು ಅಲ್ಲಿ ಮಕ್ಕಳಿಗೂ ಕೊಡುತ್ತಾರೆ.

ಕೆಲವು ತೋಟಗಳಲ್ಲಿ ಬೀಸುಕಲ್ಲೂ ಇರುತ್ತದೆ. ತೆಂಚಾ ಎಲೆಯನ್ನು ಹೊಸೆಯದೆ ಇಟ್ಟಿಗೆಯ ಗೂಡಿನ ಬಿಸಿಗಾಳಿಯಲ್ಲಿ ಒಣಗಿಸಿ, ದಂಟು ನಾರು ತೆಗೆದು, ಗ್ರಾನೈಟ್ ಕಲ್ಲಿನಲ್ಲಿ ಬೀಸಿದರೆ ಮಾಚ್ಚಾ. ಕಲ್ಲನ್ನು ನಿಧಾನವಾಗಿ ತಿರುಗಿಸಬೇಕು. ಬೇಗ ತಿರುಗಿಸಿದರೆ ಕಾವಿಗೆ ಕಂಪು ಹಾರುತ್ತದೆ. ಒಂದು ಕಲ್ಲಿನಿಂದ ಗಂಟೆಗೆ ಸಿಗುವುದು ನಲವತ್ತು ಗ್ರಾಂ ಅಷ್ಟೇ.

ಎಲೆಯೂ ಊಟವೇ

ಮಧ್ಯಾಹ್ನದ ಊಟ ಕಾರ್ಯಕ್ರಮಕ್ಕೆ ಅಂಟಿಸಿದ ಉಪಚಾರವೆಂದು ಎಣಿಸಬಾರದು. ನೀರಿಗೆ ಇಳಿಯುವುದು ಎಲೆಯ ಸತ್ವದ ಒಂದು ಪಾಲು ಮಾತ್ರ. ನಾರು, ಇ ಜೀವಸತ್ವ, ಬೀಟಾ ಕ್ಯಾರೊಟಿನ್ ಎಲೆಯಲ್ಲೇ ಉಳಿಯುತ್ತವೆ. ಚಹಾ ಬೆಳೆಯುವ ಊರುಗಳಲ್ಲಿ ಎಲೆಯನ್ನು ಸೊಪ್ಪಿನಂತೆ ತಿನ್ನುವ ರೂಢಿ ಅದಕ್ಕಾಗಿಯೇ ಅರ್ಥಪೂರ್ಣ. ಬೆಳಗ್ಗೆ ಕಿತ್ತ ಕುಡಿಗಳನ್ನು ತೆಳು ಹಿಟ್ಟಿನಲ್ಲಿ ಅದ್ದಿ ಕರಿದ ತೆಂಪುರಾ ಮೊದಲು ಬರುತ್ತದೆ. ಗರಿಗರಿ ಹೊದಿಕೆಯೊಳಗೆ ಎಳೆ ಎಲೆಯ ನಸುಗಹಿ. ಮೇಲೆ ಚಹಾ ಪುಡಿ ಬೆರೆಸಿದ ಉಪ್ಪು. ಮಾಚ್ಚಾ ಕಲಸಿದ ಹಸಿರು ಸೊಬಾ ಶಾವಿಗೆಯನ್ನು ತಣ್ಣಗೆ ಬಿದಿರಿನ ತಟ್ಟೆಯಲ್ಲಿ ಇಡುತ್ತಾರೆ. ಗ್ಯೊಕುರೊ ಬಗ್ಗಿಸಿ ಉಳಿದ ಎಲೆಗೆ ಸೋಯಾ ಸಾಸ್ ನಾಲ್ಕು ಹನಿ ಹಾಕಿದರೆ ಅದೇ ಪಲ್ಯ. ಆ ದಿನದ ಊಟದಲ್ಲಿ ಮರೆಯಲಾಗದ ತುತ್ತು ಬಹುಶಃ ಇದು. ಪಕ್ಕದ ನಾರಾ ಸೀಮೆಯ ಮನೆಗಳಲ್ಲಿ ಹೊಜಿಚಾ ಕುದಿಸಿದ ನೀರಿನಲ್ಲೇ ಅಕ್ಕಿ ಬೇಯಿಸಿ ಉಪ್ಪು ಹಾಕಿದ ಗಂಜಿ ಬೆಳಗಿನ ಊಟ. ಗಂಜಿಯೂಟ ಬಲ್ಲ ಕರಾವಳಿ, ಮಲೆನಾಡಿನವರಿಗೆ ಅದು ತಟ್ಟನೆ ಒಗ್ಗುತ್ತದೆ.

ಸಸ್ಯಾಹಾರಿಗಳು ಒಂದು ಎಚ್ಚರ ವಹಿಸಬೇಕು. ಶಾವಿಗೆ ಅದ್ದುವ ತಿಳಿಸಾರು, ತೆಂಪುರಾದ ಜೊತೆಗಿನ ರಸ ಎರಡರಲ್ಲೂ ಕಾತ್ಸುವೊಬುಶಿ ಎಂಬ ಒಣಮೀನಿನ ಸಾರ ಇದ್ದೇ ಇರುತ್ತದೆ. ತೆಂಪುರಾ ಹಿಟ್ಟಿನಲ್ಲಿ ಮೊಟ್ಟೆಯೂ ಇರಬಹುದು. ಮಾಂಸ ಬೇಡ ಎಂದಷ್ಟೇ ಹೇಳಿದರೆ ಸಾಲದು. ಮೀನಿನ ಸಾರ, ಮೊಟ್ಟೆ ಬೇಡ ಎಂದು ಕಾಯ್ದಿರಿಸುವಾಗಲೇ ಬಿಡಿಸಿ ಬರೆಯಬೇಕು. ಬೌದ್ಧ ಮಠಗಳ ಅಡುಗೆಯಲ್ಲಿ ಕೊಂಬು ಪಾಚಿ, ಒಣ ಅಣಬೆಯಿಂದಲೇ ಸಾರು ತೆಗೆಯುವ ಕ್ರಮ ಇರುವುದರಿಂದ ಮೊದಲೇ ತಿಳಿಸಿದರೆ ಅಡುಗೆಯವರಿಗೆ ಅದು ಕಷ್ಟವಲ್ಲ.

ಬಯಲು ಸೀಮೆಯ ತೋಟಗಳು

ಗುಡ್ಡದ ತೋಟ ಕಂಡವರು ಶಿಜುವೊಕಾದ ಮಾಕಿನೊಹಾರಾ ಬಯಲನ್ನೂ ನೋಡಬೇಕು. ದೃಶ್ಯ ಪೂರ್ತಿ ಬೇರೆ. 1868ರಲ್ಲಿ ಶೋಗನ್ ಎಂಬ ಸೇನಾಧಿಪತಿಗಳ ಆಳ್ವಿಕೆ ಮುಗಿದಾಗ ಕೆಲಸ ಕಳೆದುಕೊಂಡ ಸಮುರಾಯ್‌ಗಳು ಚುಜೊ ಕಾಗೆಯಾಕಿಯ ಮುಂದಾಳ್ತನದಲ್ಲಿ 1869ರಿಂದ ಆ ಬೀಳುನೆಲವನ್ನು ಅಗೆದು ಚಹಾ ನೆಟ್ಟರು. ಸೇತುವೆಯಿಲ್ಲದ ಒಯಿ ನದಿಯಲ್ಲಿ ಪ್ರಯಾಣಿಕರನ್ನು ಹೆಗಲ ಮೇಲೆ ದಾಟಿಸುತ್ತಿದ್ದ ಹಮಾಲರೂ ಆ ಕಸುಬು ನಿಂತ ಮೇಲೆ ಅವರ ಜೊತೆ ಸೇರಿದರು. ಇಂದು ಅದು ಜಪಾನಿನ ಅತಿ ದೊಡ್ಡ ಚಹಾ ಬಯಲು. ಅಲ್ಲಿನ ಶಿಮಾದಾದಲ್ಲಿ 2018ರಿಂದ ಪ್ರಾಂತ್ಯದ ಚಹಾ ಸಂಗ್ರಹಾಲಯವಿದೆ. ಹತ್ತಿರದ ಕಾಕೆಗಾವಾ ಕಡೆ ರೈತರು ತೋಟದ ಸುತ್ತ ಹುಲ್ಲುಗಾವಲು ಉಳಿಸಿಕೊಂಡು, ಚಳಿಗಾಲಕ್ಕೆ ಮುನ್ನ ಹು‌ಲ್ಲು ಕೊಯ್ದು ಸಾಲುಗಳ ನಡುವೆ ಹಾಸುತ್ತಾರೆ. ಅಪರೂಪದ ಹೂಗಿಡ, ಕೀಟಗಳು ಅದರಿಂದ ಉಳಿದಿವೆ. ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆ 2013ರಲ್ಲಿ ಈ ಪದ್ಧತಿಯನ್ನು ಜಾಗತಿಕ ಕೃಷಿ ಪರಂಪರೆಯ ಪಟ್ಟಿಗೆ ಸೇರಿಸಿತು.

ಶಿಜುವೊಕಾಕ್ಕೂ ಭಾರತಕ್ಕೂ ಚಹಾದ ನಂಟಿದೆ. ಶೋಗನ್ ಆಳ್ವಿಕೆಯ ಬಳಿಕ ಬಂದ ಮೇಜಿ ಸರ್ಕಾರ ತಾದಾ ಮೊತೊಕಿಚಿ ಎಂಬ ಮಾಜಿ ಸಮುರಾಯ್‌ನನ್ನು 1875ರಲ್ಲಿ ಚೀನಾಕ್ಕೆ, ಮರುವರ್ಷ ಭಾರತಕ್ಕೆ ಕಳಿಸಿತು. ಡಾರ್ಜಿಲಿಂಗ್, ಅಸ್ಸಾಂ ತೋಟಗಳನ್ನು ಸುತ್ತಿ ಕಪ್ಪು ಚಹಾ ಮಾಡುವ ಕ್ರಮ ಕಲಿತ ಅವನು ಬೀಜಗಳನ್ನೂ ತಂದು ಮಾರಿಕೊ ಎಂಬಲ್ಲಿ ಬಿತ್ತಿದ. ಆ ಬೀಜದ ವಂಶದ ‘ಬೆನಿಹೊಮಾರೆ’ ಜಪಾನಿನಲ್ಲಿ ಅಧಿಕೃತವಾಗಿ ನೋಂದಾದ ಮೊದಲ ಚಹಾ ತಳಿ.

ಬೆಲೆಯ ಏರಿಳಿತ, ಭೇಟಿಯ ಬೆಲೆ

ರೈತರು ತೋಟದ ಬಾಗಿಲು ತೆರೆದದ್ದರ ಹಿಂದೆ ಸಂಕಟವೂ ಇದೆ. 1985ರಲ್ಲಿ ಡಬ್ಬಿಯಲ್ಲಿ, 1990ರಲ್ಲಿ ಪ್ಲಾಸ್ಟಿಕ್ ಬಾಟಲಿಯಲ್ಲಿ ಹಸಿರು ಚಹಾ ಮಾರಾಟಕ್ಕೆ ಬಂದ ಮೇಲೆ ಮನೆಯಲ್ಲಿ ಎಲೆ ನೆನೆಸಿ ಕುಡಿಯುವ ಅಭ್ಯಾಸ ಕುಗ್ಗುತ್ತ ಬಂತು. ಬಾಟಲಿಗೆ ಬೇಕಾದದ್ದು ಅಗ್ಗದ ಎಲೆ. ಸಮತಟ್ಟಾದ ನೆಲದಲ್ಲಿ ದೊಡ್ಡ ಯಂತ್ರ ಓಡಿಸುವ ಕಾಗೊಶಿಮಾ ಪ್ರಾಂತ್ಯ 2024ರಲ್ಲಿ ಮೊದಲ ಬಾರಿಗೆ ಉತ್ಪಾದನೆಯಲ್ಲಿ ಶಿಜುವೊಕಾವನ್ನು ಹಿಂದಿಕ್ಕಿತು. ಇಳಿಜಾರಿನ ತೋಟಗಳಲ್ಲಿ ರೈತರಿಗೆ ವಯಸ್ಸಾಗಿದೆ, ಮಕ್ಕಳು ನಗರದಲ್ಲಿದ್ದಾರೆ, ಅಲ್ಲಲ್ಲಿ ಸಾಲುಗಳು ಕಾಡಿಗೆ ಮರಳುತ್ತಿವೆ. ಮಲೆನಾಡಿನ ಅಡಿಕೆ, ಕಾಫಿ ತೋಟಗಳ ಮನೆಗಳಲ್ಲಿ ಕೇಳಿಬರುವ ಮಾತೇ ಅಲ್ಲಿಯೂ ಕೇಳುತ್ತದೆ.

ಇದರ ನಡುವೆ ಜಗತ್ತಿಗೆ ಮಾಚ್ಚಾದ ಹುಚ್ಚು ಹಿಡಿದಿದೆ. 2024ರ ಶರತ್ಕಾಲದಲ್ಲಿ ಕ್ಯೋಟೊದ ಹೆಸರಾಂತ ಅಂಗಡಿಗಳು ಒಬ್ಬರಿಗೆ ಇಂತಿಷ್ಟೇ ಡಬ್ಬಿ ಎಂದು ಮಿತಿ ಹಾಕಬೇಕಾಯಿತು. ತೆಂಚಾದ ಬೆಲೆ ಜಿಗಿದು, ಸೆಂಚಾ ಬೆಳೆಯುತ್ತಿದ್ದವರು ಸಾಲುಗಳಿಗೆ ಕರಿಬಟ್ಟೆ ಹೊದಿಸತೊಡಗಿದ್ದಾರೆ. ರೈತನಿಗೆ ಆದಾಯ ಬಂದದ್ದು ಒಳ್ಳೆಯದೇ. ಆದರೆ ಹಾಲು ಸಕ್ಕರೆಯಲ್ಲಿ ಕದಡಿ ಕುಡಿಯುವ ಹಸಿರು ಪುಡಿಗಾಗಿ ಒಳ್ಳೆಯ ಸೆಂಚಾ ಕೈತಪ್ಪಿದರೆ ನಷ್ಟ ದೊಡ್ಡದು.

ತೋಟಕ್ಕೆ ಹೋಗುವವರು ಅಲ್ಲಿಯೇ ಸೆಂಚಾ ಕೊಂಡರೆ ಹಣ ನೇರ ಬೆಳೆದವರ ಕೈ ಸೇರುತ್ತದೆ. ಚಿಕ್ಕ ಪೊಟ್ಟಣ ಸಾಕು. ಬಿಸಿಲು, ಗಾಳಿ, ತೇವ ಮೂರೂ ಅದಕ್ಕೆ ಶತ್ರು. ಒಡೆಯದ ಪೊಟ್ಟಣವನ್ನು ಫ್ರಿಜ್ಜಿನಲ್ಲಿಟ್ಟು, ಒಡೆದ ಮೇಲೆ ಬಿಗಿ ಮುಚ್ಚಳದ ಡಬ್ಬಿಗೆ ಹಾಕಿ ತಿಂಗಳೊಪ್ಪತ್ತಿನಲ್ಲಿ ಮುಗಿಸಬೇಕು. ಜಪಾನಿನ ನೀರು ಮೆದು. ಬೋರ್‌ವೆಲ್ಲಿನ ಗಡಸು ನೀರಿನಲ್ಲಿ ಈ ಚಹಾದ ಬಣ್ಣ, ಕಂಪು ಎರಡೂ ಮಂಕಾಗುತ್ತವೆ. ಹಾಗಾಗಿ ಶೋಧಿಸಿದ ಮೆದು ನೀರೇ ಬೇಕು. ಹೊರಡುವ ದಿನದ ಬಗ್ಗೆಯೂ ಒಂದು ಮಾತು. ಏಪ್ರಿಲ್ ಕೊನೆಯಿಂದ ಮೇ 5ರವರೆಗೆ ಜಪಾನಿನಲ್ಲಿ ಸಾಲು ರಜೆ. ರೈಲು, ವಸತಿ ಎಲ್ಲವೂ ತುಂಬಿರುತ್ತವೆ. ಅದು ಮುಗಿದ ಮರುವಾರ ಹೋಗಿ. ವಾಜುಕಾದಲ್ಲಿ ಕೊಯ್ಲು ಆಗಲೂ ಜೋರಾಗಿಯೇ ನಡೆದಿರುತ್ತದೆ.